ಕುದುರೆಯ ತಲೆಗೆ ಹೊಸ ಹಗ್ಗ

ನಮ್ಮ ನಾಡಿನ ಕುದುರೆಗಳ ಚರಿತ್ರೆಯನ್ನು ಬರೆದವರು ಬಹುಮಟ್ಟಿಗೆ ಸವಾರನ ಕಡೆಯಿಂದ ಬರೆದಿದ್ದಾರೆ. ಯಾವ ಅರಸ ಎಷ್ಟು ಸಾವಿರ ಕುದುರೆ ಇಟ್ಟಿದ್ದ, ಯಾವ ಯುದ್ಧದಲ್ಲಿ ಯಾವ ದಳ ನುಗ್ಗಿತು, ಯಾರಿಗೆ ಯಾವ ಬಿರುದು ಸಿಕ್ಕಿತು ಎಂಬುದೇ ಅವರಿಗೆ ಮುಖ್ಯ. ನಾನು ಪಶುವೈದ್ಯ. ಕುದುರೆಯನ್ನು ನಾನು ನೋಡಿದ್ದೆಲ್ಲ ನೆಲದ ಮೇಲೆ ನಿಂತು, ಅದರ ತಲೆಯ ಮಗ್ಗುಲಲ್ಲಿ, ಹಗ್ಗ ಹಿಡಿದ ಸೈಸ್‌ನ, ಎಂದರೆ ಕುದುರೆಯಾಳಿನ, ಪಕ್ಕದಲ್ಲಿ. ಹಾಗಾಗಿ ಈ ಚರಿತ್ರೆ ನನಗೆ ಕಾಣುವುದು ಆ ಹಗ್ಗದ ಕಡೆಯಿಂದ.

ಅಲ್ಲಿಂದ ನೋಡಿದರೆ ಮೊದಲು ಕಣ್ಣಿಗೆ ಬೀಳುವ ಸಂಗತಿ ಒಂದೇ. ಕರ್ನಾಟಕದಲ್ಲಿ ಒಳ್ಳೆಯ ಕುದುರೆ ಎಂದರೆ ಬಹುತೇಕ ಹೊರಗಿನಿಂದ ಬಂದ ಕುದುರೆ. ಭೀಮಾ ತೀರದ ದಖನಿ ತಟ್ಟುಗಳು, ಕುರಿ ಮಂದೆಯೊಂದಿಗೆ ಸಾಮಾನು ಹೊತ್ತು ನಡೆಯುವ ಕುರುಬರ ಕುದುರೆಗಳು ನಮ್ಮಲ್ಲಿ ಇದ್ದವು, ಇವೆ. ಆದರೆ ಅರಸರಿಗೆ ಬೇಕಾದ ಎತ್ತರದ ಕುದುರೆ ಅರೇಬಿಯದಿಂದ, ಪರ್ಷಿಯದಿಂದ, ಆಮೇಲೆ ಆಸ್ಟ್ರೇಲಿಯದಿಂದ, ಇಂಗ್ಲೆಂಡಿನಿಂದ ಬರಬೇಕಿತ್ತು. ಹಾಗೆ ಬಂದ ಪ್ರತಿಯೊಂದು ಕುದುರೆಯೂ ಬೇರೆ ಯಾರದೋ ಕೈಯ ಹಗ್ಗಕ್ಕೆ ಒಗ್ಗಿಕೊಂಡದ್ದು, ಇಲ್ಲವೇ ಹಗ್ಗವನ್ನೇ ಕಾಣದೆ ಬೆಳೆದದ್ದು. ಅದರ ತಲೆಗೆ ಇಲ್ಲಿನ ಹಗ್ಗವನ್ನು ಒಗ್ಗಿಸುವುದು ನಮ್ಮವರ ಪಾಲಿಗೆ ಬಂದ ಕೆಲಸ. ಸಾವಿರ ವರ್ಷ ಈ ಕೆಲಸ ನಡೆದಿದೆ. ಅದಕ್ಕೆ ಸಮಯ ಕೊಟ್ಟ ಕಡೆ ಕುದುರೆ ಉಳಿದಿದೆ. ಕೊಡದ ಕಡೆ ಅದಕ್ಕೆ ಸುರಿದ ಹೊನ್ನೂ ಹೋಗಿದೆ.

ಕೆಲಸ ಏನೆಂದು ಮೊದಲು ಹೇಳಿಬಿಡುತ್ತೇನೆ. ಲಗಾಮು ಬೇರೆ, ಹಾಲ್ಟರ್ ಬೇರೆ. ಲಗಾಮಿನಲ್ಲಿ ಬಾಯೊಳಗೆ ಕಬ್ಬಿಣದ ಕಡಿವಾಣ ಇರುತ್ತದೆ, ಅದು ಸವಾರಿಗೆ. ಹಾಲ್ಟರ್‌ನಲ್ಲಿ ಕಡಿವಾಣವಿಲ್ಲ. ಮೂಗಿನ ಮೇಲೊಂದು ಸುತ್ತು, ಕಿವಿಯ ಹಿಂದೊಂದು ಸುತ್ತು, ಗದ್ದದ ಕೆಳಗೆ ಹಿಡಿಯಲು ಹಗ್ಗ. ಕಟ್ಟುವುದು, ನಡೆಸುವುದು, ಲಾಳ ಹೊಡೆಸುವುದು, ಸೂಜಿ ಚುಚ್ಚುವುದು, ಎಲ್ಲವೂ ಇದರ ಮೇಲೆ. ನಮ್ಮದು ಎತ್ತಿನ ನಾಡು; ಮೂಗುದಾರ ಹಿಡಿದ ಕೈಗೆ ಇದು ಸುಲಭವೆಂದು ತೋರುತ್ತದೆ. ಹಾಗಲ್ಲ. ಎತ್ತಿನ ಮೂಗನ್ನು ಚುಚ್ಚಿ ಹಗ್ಗ ಪೋಣಿಸುತ್ತೇವೆ, ನೋವು ಅದನ್ನು ನಿಲ್ಲಿಸುತ್ತದೆ. ಕುದುರೆಯದು ಬೇರೆಯೇ ಲೆಕ್ಕ. ಅದು ಬಾಯಿಂದ ಉಸಿರಾಡಲಾರದು, ಉಸಿರೆಲ್ಲ ಮೂಗಿನಿಂದಲೇ. ಮೂಗಿನ ಎಲುಬು ಕೆಳಕ್ಕೆ ಇಳಿದಂತೆ ತೆಳ್ಳಗಾಗಿ, ತುದಿಯಲ್ಲಿ ಬರೀ ಮೃದ್ವಸ್ಥಿ ಉಳಿಯುತ್ತದೆ. ಪಟ್ಟಿ ಅಲ್ಲಿಗೆ ಜಾರಿ ಕೂತು ಎಳೆತ ಬಿದ್ದರೆ ಕುದುರೆಗೆ ನೋವಿಗಿಂತ ಮೊದಲು ಉಸಿರಿನ ಭಯ ಹುಟ್ಟುತ್ತದೆ. ಭಯ ಹುಟ್ಟಿದ ಕುದುರೆ ಹಿಂದಕ್ಕೆ ಜಗ್ಗುತ್ತದೆ, ಜಗ್ಗಿದಷ್ಟೂ ಹಗ್ಗ ಬಿಗಿಯುತ್ತದೆ, ಬಿಗಿದಷ್ಟೂ ಭಯ.

ಕನಕಪುರ ರಸ್ತೆಯ ಕಡೆ ಖಾಸಗಿಯವರ ಲಾಯವೊಂದಕ್ಕೆ ಉತ್ತರದಿಂದ ಒಂದು ಹೆಣ್ಣು ಕುದುರೆ ಬಂದಿತ್ತು. ತಲೆಗೆ ಇದ್ದದ್ದು ಮಾಸಿದ ನೂಲಿನ ಹಗ್ಗ. ಯಜಮಾನರು ಅದಕ್ಕೆ ಹೊಸ ಬಗೆಯ ಹಾಲ್ಟರ್ ತರಿಸಿದ್ದರು. ಸಣ್ಣ ಗಟ್ಟಿ ಹಗ್ಗದ್ದು, ಮೂಗಿನ ಮೇಲೆ ಗಂಟುಗಳಿರುವುದು, ಅಮೆರಿಕದ ದನಗಾಹಿ ಸವಾರರ ಕಡೆಯಿಂದ ಈಚೆಗೆ ಎಲ್ಲ ಕಡೆ ಹಬ್ಬಿದ್ದು. ಚರ್ಮದ ಅಗಲ ಪಟ್ಟಿ ಒತ್ತಡವನ್ನು ಹರಡುತ್ತದೆ; ಈ ಗಂಟು ಒಂದೇ ಬಿಂದುವಿನಲ್ಲಿ ಒತ್ತುತ್ತದೆ. ತಿಳಿದವನ ಕೈಯಲ್ಲಿ ಬೆರಳಿನಷ್ಟು ಸೂಕ್ಷ್ಮ, ತಿಳಿಯದವನ ಕೈಯಲ್ಲಿ ಶಿಕ್ಷೆ. ಯಜಮಾನರಿಗೆ ಅದು ಅಂದೇ ತಲೆಗೇರಬೇಕಿತ್ತು. ಸೈಸ್ ಕುಣಿಗಲ್ ಕಡೆಯ ಹಿರಿಯರು. ಅವರು ಯಜಮಾನರಿಗೆ ಉತ್ತರ ಕೊಡದೆ ನನ್ನ ಕಡೆ ತಿರುಗಿ ಅಂದರು: "ಇವತ್ತು ಹಾಕ್ಬುಡಬೌದು ಡಾಕ್ಟ್ರೇ. ನಾಳೀಕೆ ತಲೆ ಕೊಡಾಕಿಲ್ಲ ಅದು."

"ಮತ್ತೆ ಹೆಂಗ್ ಮಾಡ್ತೀರ ಸಾಬ್ರೇ?" ಎಂದೆ.

"ಅದ್ರ ಪಾಡಿಗೆ ಬುಡಿ. ಕೇಳ್ಕಂಡು ಹಾಕನ."

ಅವರು ಕೇಳಿಕೊಂಡ ಬಗೆಯನ್ನು ನೋಡುತ್ತ ನಿಂತೆ. ಹೊಸ ಹಾಲ್ಟರನ್ನು ಹುರುಳಿ ಬಕೆಟ್ಟಿನ ಪಕ್ಕದ ಗೂಟಕ್ಕೆ ನೇತುಹಾಕಿದರು. ಕುದುರೆ ಮೂಸಿತು, ತುಟಿಯಲ್ಲಿ ತಡವಿತು, ಬಿಟ್ಟಿತು. ಮಾರನೆಯ ದಿನದಿಂದ ಅದೇ ಹಗ್ಗವನ್ನು ಮುಷ್ಟಿಯಲ್ಲಿ ಹಿಡಿದು ಅದರ ಭುಜ, ಕತ್ತು, ದವಡೆ ಉಜ್ಜತೊಡಗಿದರು. ಎದುರಿಗೆ ಎಂದೂ ನಿಲ್ಲಲಿಲ್ಲ. ಕುದುರೆಗೆ ಎರಡು ಪಕ್ಕವೂ ಬೆನ್ನ ಹಿಂದಿನವರೆಗೆ ಕಾಣುತ್ತದೆ, ತನ್ನ ಹಣೆಯ ಮುಂದೆಯೇ ಹಿಡಿದದ್ದು ಮಾತ್ರ ಕಾಣುವುದಿಲ್ಲ. ಕಾಣದ ಕಡೆಯಿಂದ ಬಂದ ಕೈಯನ್ನು ಅದು ನಂಬುವುದಿಲ್ಲ. ಆಮೇಲೆ ಹಗ್ಗದ ತುದಿಯನ್ನು ಮೂಗಿನ ಮೇಲೆ ಹಾಯಿಸಿ, ಅದು ತಲೆ ಎತ್ತುವ ಮುಂಚೆಯೇ ತೆಗೆದರು. ಗುಟ್ಟೆಲ್ಲ ಇರುವುದು ಆ 'ಮುಂಚೆಯೇ' ಎಂಬುದರಲ್ಲಿ. ಕುದುರೆ ತಲೆ ಎತ್ತಿ ಕೊಸರಿದ ಮೇಲೆ ತೆಗೆದರೆ, ಕೊಸರಿದರೆ ಬಿಡುಗಡೆ ಎಂದು ಕಲಿಸಿದ ಹಾಗೆ. ಸುಮ್ಮನಿದ್ದಾಗ ತೆಗೆದರೆ, ಸುಮ್ಮನಿದ್ದರೆ ಬಿಡುಗಡೆ ಎಂದು ಕಲಿಯುತ್ತದೆ.

ಹಳೆಯ ನೂಲಿನ ಹಗ್ಗವನ್ನು ಅವರು ಬಿಚ್ಚಲೇ ಇಲ್ಲ. ಅದರ ಮೇಲೆಯೇ ಹೊಸದನ್ನು ತೊಡಿಸಿದರು. ನಡೆಸಿದ್ದು ಮಾತ್ರ ಹಳೆಯದರಿಂದ. ಕೆಲವು ದಿನ ಎರಡನ್ನೂ ಒಟ್ಟಿಗೆ ಹಿಡಿದು ನಡೆಸಿದರು. ಎಡಗಡೆಯಿಂದ ಮಾಡಿದ್ದನ್ನೆಲ್ಲ ಬಲಗಡೆಯಿಂದಲೂ ಮಾಡಿದರು. ಒಂದು ಪಕ್ಕದಲ್ಲಿ ಒಪ್ಪಿದ ಕುದುರೆ ಇನ್ನೊಂದು ಪಕ್ಕದಲ್ಲಿ ಹೊಸದಾಗಿ ಬೆದರುತ್ತದೆ. ಮೂಗಿನ ಸುತ್ತು ಕೆನ್ನೆಯೆಲುಬಿನಿಂದ ಎರಡು ಬೆರಳು ಕೆಳಗೆ, ಗಂಟಿನ ಬಾಲ ಕಣ್ಣಿನಿಂದ ಆಚೆಗೆ. ಆ ಹಾಲ್ಟರಿನಲ್ಲಿ ಕುದುರೆಯನ್ನು ಕಂಬಕ್ಕೆ ಕಟ್ಟಲೂ ಇಲ್ಲ, ರಾತ್ರಿ ತಲೆಯ ಮೇಲೆ ಬಿಡಲೂ ಇಲ್ಲ. ಚರ್ಮದ ಪಟ್ಟಿಯಾದರೆ ಎಲ್ಲಾದರೂ ಸಿಕ್ಕಿಕೊಂಡಾಗ ಕಿತ್ತು ಬರುತ್ತದೆ. ಈ ಹಗ್ಗ ಕೀಳುವುದಿಲ್ಲ, ಕುದುರೆಯ ಕತ್ತು ಮುರಿಯುತ್ತದೆ. ಹೀಗೆ ಒಂದು ದಿನ ಹಳೆಯ ಹಗ್ಗ ಗೂಟಕ್ಕೆ ಹೋಯಿತು; ಕುದುರೆಗೆ ಅದು ಗೊತ್ತೇ ಆಗಲಿಲ್ಲ.

ಈಗ ಚರಿತ್ರೆಗೆ ಬರೋಣ. ಈ ತಾಳ್ಮೆ ಇಲ್ಲದ ಕಡೆ ಏನಾಯಿತೆಂಬುದಕ್ಕೆ ಹಳೆಯ ಸಾಕ್ಷಿ ಪಾಂಡ್ಯರ ಕರಾವಳಿಯದು. 13ನೇ ಶತಮಾನದ ಕೊನೆಯಲ್ಲಿ ಅಲ್ಲಿಗೆ ಬಂದ ಮಾರ್ಕೊ ಪೋಲೊ, ಹಡಗಿನಲ್ಲಿ ಸಾವಿರಾರು ಕುದುರೆ ಬಂದಿಳಿಯುತ್ತವೆ, ನೋಡಿಕೊಳ್ಳಲು ಬಾರದೆ ಹೆಚ್ಚಿನವು ಸಾಯುತ್ತವೆ ಎಂದು ಬರೆದ. ಬೇಯಿಸಿದ ಅನ್ನ, ಮಾಂಸ ತಿನ್ನಿಸುತ್ತಾರೆ ಎಂದೂ ಬರೆದ. ಅವನ ನಂತರ ಸ್ವಲ್ಪ ಕಾಲಕ್ಕೆ ಪರ್ಷಿಯದ ಚರಿತ್ರೆಕಾರ ವಸ್ಸಾಫ್ ಇನ್ನಷ್ಟು ಹತ್ತಿರದ ಮಾತು ಹೇಳಿದ. ಬಂದ ಕುದುರೆಗಳನ್ನು ಹಗ್ಗ, ಗೂಟಗಳಿಂದ 40 ದಿನ ಲಾಯದಲ್ಲಿ ಬಿಗಿದು ಕೊಬ್ಬಿಸುತ್ತಾರೆ. ಆಮೇಲೆ ಯಾವ ಪಳಗಿಸುವಿಕೆಯೂ ಇಲ್ಲದೆ, ರಿಕಾಪು ಮುಂತಾದ ಸರಂಜಾಮೂ ಇಲ್ಲದೆ ಏರಿ ಓಡಿಸುತ್ತಾರೆ. ಬಲವಾದ ಕುದುರೆಯೂ ಬೇಗನೆ ಕೆಲಸಕ್ಕೆ ಬಾರದಂತಾಗುತ್ತದೆ ಎಂಬುದು ಅವನ ದೂರು. ವರ್ಷಕ್ಕೆ 10,000 ಕುದುರೆ, ಒಂದಕ್ಕೆ 220 ದಿನಾರ್ ಹೊನ್ನು ಎಂದು ಬೆಲೆಯನ್ನೂ ಬರೆದಿದ್ದಾನೆ. ಮಾರುವ ಕಡೆಯವರ ಮಾತು ಇದು; ಉತ್ಪ್ರೇಕ್ಷೆ ಇದ್ದೀತು. ಆದರೆ ವೈದ್ಯನಾಗಿ ನಾನು ಆ ವಿವರಣೆಯನ್ನು ನಂಬುತ್ತೇನೆ. ಹಡಗಿನಿಂದ ಇಳಿದ, ವಾರಗಟ್ಟಲೆ ಕಾಲಾಡಿಸದ ಕುದುರೆಯನ್ನು ಮತ್ತೆ ಕಟ್ಟಿಹಾಕಿ ತಿನ್ನಿಸಿದರೆ ಗೊರಸಿನ ಒಳಭಾಗ ಊದಿಕೊಂಡು ಕುಂಟುತ್ತದೆ, ಹೊಟ್ಟೆಶೂಲೆ ಬರುತ್ತದೆ. ಹಗ್ಗ ಅದಕ್ಕೆ ಏನನ್ನೂ ಕಲಿಸಲಿಲ್ಲ, ಬರೀ ಕಟ್ಟಿಹಾಕಿತು.

ನಮ್ಮ ಕಡೆ ವಿದ್ಯೆ ಇರಲಿಲ್ಲವೆಂದಲ್ಲ. 1126ರಿಂದ 1138ರವರೆಗೆ ಕಲ್ಯಾಣದಿಂದ ಆಳಿದ ಚಾಲುಕ್ಯರ ಮೂರನೆಯ ಸೋಮೇಶ್ವರ ತನ್ನ ಮಾನಸೋಲ್ಲಾಸದಲ್ಲಿ ಕುದುರೆಗಳನ್ನು ಹುಟ್ಟಿದ ದೇಶದ ಮೇಲೆ ವಿಂಗಡಿಸಿ, ಅವುಗಳ ಲಕ್ಷಣ ಹೇಳಿ, ಕುದುರೆಯ ಮೇಲೆ ಕೂತು ಚೆಂಡಾಡುವ ವಾಜಿವಾಹ್ಯಾಳಿ ವಿನೋದಕ್ಕೆ ಪ್ರತ್ಯೇಕ ಜಾಗ ಕೊಟ್ಟಿದ್ದಾನೆ. ಚೆಂಡಾಟಕ್ಕೆ ಕುದುರೆ ಸಿದ್ಧವಾಗಬೇಕಾದರೆ ಅದರ ತಲೆ ಸವಾರನ ಕೈಗೆ ಪೂರ್ತಿ ಒಪ್ಪಿರಬೇಕು. ಹೆದರಿಸಿ ಹಿಡಿದ ಕುದುರೆ ಚೆಂಡಿನ ಕಡೆ ತಿರುಗುವುದಿಲ್ಲ. ಹಳೇಬೀಡಿನ ಗುಡಿಯ ಬುಡದ ಪಟ್ಟಿಕೆಗಳಲ್ಲಿ ಆನೆ, ಸಿಂಹಗಳ ಸಾಲಿನ ಮೇಲೆ ಕುದುರೆ ಸವಾರರ ಸಾಲು ಓಡುತ್ತದೆ. ಪ್ರವಾಸಿಗಳು ಸವಾರನ ಕತ್ತಿ ನೋಡುತ್ತಾರೆ. ಒಮ್ಮೆ ಬಗ್ಗಿ ಕುದುರೆಯ ಮುಖವನ್ನೂ ನೋಡಿ. ಕೆನ್ನೆಯ ಪಟ್ಟಿ, ಮೂಗಿನ ಪಟ್ಟಿ, ಬಾಯಂಚಿನ ಬಳೆ ಎಲ್ಲವನ್ನೂ ಕಲ್ಲುಕುಟಿಗ ಬಿಡಿಸಿಟ್ಟಿದ್ದಾನೆ.

ವಿಜಯನಗರದ ಕಾಲಕ್ಕೆ ಬಂದರೆ ಲೆಕ್ಕ ಸಿಗುತ್ತದೆ. ಪೋರ್ಚುಗೀಸ್ ವ್ಯಾಪಾರಿ ಫೆರ್ನಾವೊ ನೂನಿಸ್ 1535ರ ಸುಮಾರಿಗೆ ಬರೆದ ಪ್ರಕಾರ, ರಾಯರು ವರ್ಷಕ್ಕೆ ಹೊರ್ಮುಜಿನವೂ ನಾಡತಳಿಯವೂ ಸೇರಿ 13,000 ಕುದುರೆ ಕೊಳ್ಳುತ್ತಿದ್ದರು. ಒಳ್ಳೆಯವನ್ನು ತಮಗಿಟ್ಟುಕೊಂಡು ಉಳಿದವನ್ನು ನಾಯಕರಿಗೆ ಮಾರುತ್ತಿದ್ದರು. ಅದಕ್ಕೂ ಹಿಂದೆ ಸಾಳುವ ನರಸಿಂಹ ಸಮುದ್ರದಲ್ಲಿ ಸತ್ತ ಕುದುರೆಗೂ ಬೆಲೆ ಕೊಡುತ್ತಿದ್ದನಂತೆ, ಬಾಲ ತಂದು ತೋರಿಸಿದರೆ ಸಾಕು. ಭಟ್ಕಳ, ಹೊನ್ನಾವರ, ಗೋವೆಗಳ ಬಂದರುಗಳು ಈ ವ್ಯಾಪಾರದಿಂದ ಬೆಳೆದವು. 1510ರಲ್ಲಿ ಗೋವೆ ಹಿಡಿದ ಪೋರ್ಚುಗೀಸರು ಅದನ್ನು ಮುಷ್ಟಿಯಲ್ಲಿ ಹಿಡಿದುಕೊಂಡರು. 1547ರ ಒಪ್ಪಂದದಲ್ಲಿ ಗೋವೆಗೆ ಬಂದ ಕುದುರೆ ಬಿಜಾಪುರಕ್ಕೆ ಹೋಗಕೂಡದು, ವಿಜಯನಗರಕ್ಕೇ ಬರಬೇಕು ಎಂದಾಯಿತು.

ಇವೆಲ್ಲ ಪಠ್ಯಪುಸ್ತಕದಲ್ಲಿ ಬರುವ ಮಾತು. ಬಾರದೇ ಇರುವ ಮಾತೊಂದನ್ನು ಅದೇ ನೂನಿಸ್ ಬರೆದಿದ್ದಾನೆ: ಅರಸರ ಕುದುರೆಗಳಿಗೆ 1,600 ಮಂದಿ ಸೈಸ್‌ಗಳು, 300 ಮಂದಿ ಪಳಗಿಸುವವರು. ಈ ಎರಡು ಅಂಕಿಗಳು ನನಗೆ 13,000ಕ್ಕಿಂತ ದೊಡ್ಡವು. ಪಳಗಿಸುವವನೊಬ್ಬನಿಗೆ ಐದಕ್ಕೂ ಹೆಚ್ಚು ಸೈಸ್‌ಗಳು. ಅಂದರೆ ಕುದುರೆಯ ಪಾಠದ ಬಹುಭಾಗ ನಡೆಯುತ್ತಿದ್ದದ್ದು ಮೈದಾನದಲ್ಲಲ್ಲ, ಲಾಯದಲ್ಲಿ, ಮೇವು ಹಾಕುವ ಮೈ ತಿಕ್ಕುವ ಕೈಗಳಲ್ಲಿ. ಹಂಪಿಯ ಹಜಾರರಾಮ ಗುಡಿಯ ಹೊರಗೋಡೆ ಇದಕ್ಕೆ ಸಾಕ್ಷಿ. ಅಲ್ಲಿ ಆನೆಗಳ ಸಾಲಿನ ಮೇಲೆ ಕುದುರೆಗಳ ಸಾಲು, ಅವುಗಳ ಜೊತೆಗೆ ನಡೆಯುವ ಆಳುಗಳು. ಮಹಾನವಮಿಯ ಮೆರವಣಿಗೆಯ ಕುದುರೆಗಳ ಹಣೆಯಲ್ಲಿ ಬೆಳ್ಳಿಯ, ಚಿನ್ನದ ಮುಲಾಮಿನ ಪಟ್ಟಿಗಳು, ಬಣ್ಣಬಣ್ಣದ ರೇಷ್ಮೆ ಹುರಿಯ ಕುಚ್ಚು, ಅದೇ ಹುರಿಯ ವಾಘೆಗಳಿದ್ದವೆಂದು ಪೋರ್ಚುಗೀಸ್ ಪ್ರವಾಸಿ ದೊಮಿಂಗೊ ಪಾಯಿಸ್ ಬರೆದಿದ್ದಾನೆ. ಹಣೆಯ ಮೇಲೆ ಲೋಹದ ಪಟ್ಟಿ, ಕಣ್ಣಂಚಿನಲ್ಲಿ ಅಲುಗಾಡುವ ಕುಚ್ಚು, ಸುತ್ತ ನಗಾರಿ, ಜನ! ಇದನ್ನೆಲ್ಲ ಕುದುರೆ ಹಬ್ಬದ ದಿನ ಮೊದಲ ಸಲ ಕಂಡಿದ್ದರೆ ಮೆರವಣಿಗೆಯೇ ಉಳಿಯುತ್ತಿರಲಿಲ್ಲ. ಇಂದು ಮೈಸೂರಿನಲ್ಲೂ ದಸರೆಗೆ ಮುಂಚೆ ಆನೆ, ಕುದುರೆಗಳನ್ನು ನಿಲ್ಲಿಸಿ ಕುಶಾಲತೋಪು ಹಾರಿಸಿ ಅಭ್ಯಾಸ ಮಾಡಿಸುತ್ತಾರಲ್ಲ, ಅದು ಆ ಹಳೆಯ ಪಾಠವೇ.

ಮೈಸೂರಿನ ಚರಿತ್ರೆಯಲ್ಲಿ ನನಗೆ ಇಷ್ಟವಾದವನು ಸಿಲ್ಲೇದಾರ. 1799ರಲ್ಲಿ ಟಿಪ್ಪು ಬಿದ್ದ ನಂತರ ಅರಸರು ಕಂಪನಿಯವರಿಗಾಗಿ 4,000 ಸವಾರರನ್ನು ಇಡಬೇಕೆಂದು 1807ರಲ್ಲಿ ಕರಾರಾಯಿತು. ಸಿಲ್ಲೇದಾರನ ಕುದುರೆ ಅವನ ಸ್ವಂತದ್ದು. ಸಂಬಳ ಬರುವುದು ಆ ಕುದುರೆಯ ಮೇಲೆ. ಅದು ಸತ್ತರೆ ಅವನ ನೌಕರಿಯೂ ಸತ್ತ ಹಾಗೆ. ಆದ್ದರಿಂದಲೇ ಇಂಥ ಸವಾರರು ಯುದ್ಧದಲ್ಲಿ ಕುದುರೆಯನ್ನು ಅಪಾಯಕ್ಕೆ ಒಡ್ಡುವುದಿಲ್ಲವೆಂದು ಇಂಗ್ಲಿಷ್ ಅಧಿಕಾರಿಗಳು ಗೊಣಗುತ್ತಿದ್ದರು. ಗೊಣಗಾಟ ನಿಜವಿರಬಹುದು. ಆದರೆ ಕುದುರೆಯ ಕಡೆಯಿಂದ ನೋಡಿದರೆ ಅದಕ್ಕಿಂತ ಒಳ್ಳೆಯ ಯಜಮಾನ ಯಾರು? ಒಂದೇ ಕೈ, ಒಂದೇ ಹಗ್ಗ, ಬದುಕಿರುವವರೆಗೆ.

ಇದೇ ಕಾಲದಲ್ಲಿ ಎರಡು ಪದ್ಧತಿಗಳು ಬೆಂಗಳೂರಿನ ಸುತ್ತ ಎದುರುಬದುರಾದವು. 1809ರಲ್ಲಿ ದಂಡುಪ್ರದೇಶ ಹುಟ್ಟಿತು. ಹೊಸೂರಿನಲ್ಲಿ 1824ರಿಂದ ಸೈನ್ಯಕ್ಕಾಗಿ ಕುದುರೆ ಸಾಕುವ ಕೇಂದ್ರ ನಡೆಯಿತು, ಈಗ ಅಲ್ಲಿ ಜಾನುವಾರು ಫಾರಂ ಇದೆ. ನಮ್ಮ ಪದ್ಧತಿಯಲ್ಲಿ ಕುದುರೆ ಬಯಲಿನಲ್ಲಿ ಗೂಟಕ್ಕೆ ನಿಲ್ಲುತ್ತಿತ್ತು, ತಲೆಯಿಂದ ಎರಡು ಹಗ್ಗ ಅಗಾಡಿ, ಹಿಂಗಾಲಿನಿಂದ ಹಗ್ಗ ಪಿಛಾಡಿ. ಕುದುರೆಗೊಬ್ಬ ಸೈಸ್. ಇಂಗ್ಲಿಷರದು ಗೋಡೆ ಕಟ್ಟಿದ ಲಾಯ, ತಲೆಗೆ ಚರ್ಮದ ಪಟ್ಟಿ, ಕಾಲು ಬಿಡುಗಡೆ. ಎರಡಕ್ಕೂ ಕಾರಣವಿತ್ತು. ಪಾಳೆಯದಲ್ಲಿ ಒತ್ತೊತ್ತಾಗಿ ನಿಂತ ಗಂಡು ಕುದುರೆಗಳು ಒದೆದಾಡದಿರಲು ಪಿಛಾಡಿ ಬೇಕಿತ್ತು. ಸವಾರಿಯ ಹೊತ್ತಿಗೆ ಮಾತ್ರ ನಮ್ಮವರ ಕೈಯಲ್ಲಿ ಒಂದು ಕೆಟ್ಟ ಸಾಧನವಿತ್ತು: ಮುಳ್ಳಿನ ಕಡಿವಾಣ. ಇಂಗ್ಲಿಷ್ ಸೈನ್ಯದ ಉದ್ದ ಸನ್ನೆಯ ಕಡಿವಾಣವೂ ಕರುಣೆಯದೇನಲ್ಲ. ಎರಡೂ ಅವಸರದವರ ಉಪಕರಣಗಳು.

ಆ ಅವಸರದ ವಿರುದ್ಧ ಪುಸ್ತಕ ಬರೆದವನೊಬ್ಬ ನಮ್ಮ ಬೆಂಗಳೂರಿನ ಬಿಸಿಲು ಕಂಡವನು. ಲೂಯಿ ಎಡ್ವರ್ಡ್ ನೋಲನ್, 1840ರ ದಶಕದಲ್ಲಿ ಮದ್ರಾಸ್ ಪ್ರಾಂತದಲ್ಲಿದ್ದ 15ನೇ ಹುಸಾರ್ ದಳದ ಅಧಿಕಾರಿ. ಸೈನ್ಯಕ್ಕೆ ಬಂದ ಹೊಸ ಕುದುರೆಗಳನ್ನು ಪಳಗಿಸುವ ಬಗ್ಗೆ ಅವನ ಪುಸ್ತಕ 1852ರಲ್ಲಿ ಅಚ್ಚಾಯಿತು. ಮೊದಲು ಉದ್ದ ಹಗ್ಗದಲ್ಲಿ ಸುತ್ತು ಹಾಕಿಸುವುದು, ಸಾದಾ ಕಡಿವಾಣದಲ್ಲಿ ಕತ್ತು ಬಾಗಿಸಲು ಕಲಿಸುವುದು, ಅದಕ್ಕೆ ಒಪ್ಪಿದ ಮೇಲಷ್ಟೇ ಎರಡು ಕಡಿವಾಣದ ಲಗಾಮು. ಒಂದು ಮೆಟ್ಟಿಲು ಗಟ್ಟಿಯಾಗದೆ ಇನ್ನೊಂದಕ್ಕೆ ಕಾಲಿಡಬಾರದು, ಹೊಡೆಯಬಾರದು ಎಂಬುದು ಅದರ ಸಾರ. ಅವನ ಇನ್ನೊಂದು ಪುಸ್ತಕದಲ್ಲಿ ಆ ದಳ ಬೆಂಗಳೂರಿನಿಂದ ಹೈದರಾಬಾದಿಗೆ ಹೋಗಿ ಮರಳಿದ ಸುಮಾರು 800 ಮೈಲಿಯ ನಡಿಗೆಯ ವಿವರವಿದೆ. ಬೀಜ ಹೊಡೆಸಿದ ಕುದುರೆಗಳು ಗಂಡು ಕುದುರೆಗಳಷ್ಟೇ ತಾಳಿಕೊಳ್ಳುತ್ತವೆಯೇ ಎಂಬ ಪರೀಕ್ಷೆ ಅದು; ತಾಳಿಕೊಂಡವು. 1854ರ ಅಕ್ಟೋಬರ್ 25ರಂದು ಬಾಲಕ್ಲಾವಾ ಕಾಳಗದಲ್ಲಿ ಮೊದಲು ಬಿದ್ದವರಲ್ಲಿ ನೋಲನ್ ಒಬ್ಬ. ಲೋಕಕ್ಕೆ ಅವನ ಸಾವು ಗೊತ್ತು. ಕುದುರೆಯವರಿಗೆ ಅವನ ಪಾಠ ಗೊತ್ತಿದ್ದರೆ ಸಾಕು.

ಆಸ್ಟ್ರೇಲಿಯದ ವೇಲರ್ ಕುದುರೆಗಳು ಬಂದ ಮೇಲೆ ಕೆಲಸ ಇನ್ನೂ ಕಷ್ಟವಾಯಿತು. ಅಲ್ಲಿನ ದೊಡ್ಡ ಹುಲ್ಲುಗಾವಲುಗಳಲ್ಲಿ ಮಂದೆಯಾಗಿ ಬೆಳೆದ ಅವುಗಳಲ್ಲಿ ಬಹಳಷ್ಟಕ್ಕೆ ಮನುಷ್ಯನ ಕೈ ತಾಗಿದ್ದೇ ಕಡಿಮೆ. ಬೆನ್ನು ಕುಣಿಸಿ ಕೆಡವುವುದರಲ್ಲಿ ಅವು ಹೆಸರುವಾಸಿ. ಮೊದಲ ಮಹಾಯುದ್ಧಕ್ಕೆ ಆಸ್ಟ್ರೇಲಿಯದಿಂದ 1,20,000ಕ್ಕೂ ಹೆಚ್ಚು ಕುದುರೆ ಹೋದವು. ತಾಯ್ನಾಡಿಗೆ ಮರಳಿದ್ದು ಒಂದೇ. 1892ರಲ್ಲಿ ಕಟ್ಟಿದ ನಮ್ಮ ಮೈಸೂರು ಲ್ಯಾನ್ಸರ್ಸ್ ಕುದುರೆ ದಳ 1918ರ ಸೆಪ್ಟೆಂಬರ್ 23ರಂದು ಜೋಧಪುರದವರೊಂದಿಗೆ ಹೈಫಾ ಪಟ್ಟಣ ಗೆದ್ದದ್ದನ್ನು ವರ್ಷವರ್ಷ ನೆನೆಯುತ್ತೇವೆ. ಆ ರಣರಂಗದ ಸಾವಿರಾರು ಸೈನ್ಯದ ಕುದುರೆಗಳನ್ನು ಯುದ್ಧ ಮುಗಿದ ಮೇಲೆ ಈಜಿಪ್ಟಿನಲ್ಲೇ ಮಾರಿಬಿಟ್ಟರು. 1930ರಲ್ಲಿ ಕೈರೋಗೆ ಹೋದ ಡೊರೊಥಿ ಬ್ರೂಕ್ ಎಂಬಾಕೆ ಅವುಗಳಲ್ಲಿ ಉಳಿದವು ಮುದಿಯಾಗಿ, ಗಾಡಿ ಎಳೆಯುತ್ತಿದ್ದುದನ್ನು ಕಂಡು, ಹಣ ಕೂಡಿಸಿ 5,000 ಕುದುರೆಗಳನ್ನು ಕೊಂಡು ಬಿಡಿಸಿದರು; 1934ರಲ್ಲಿ ಅಲ್ಲೊಂದು ಆಸ್ಪತ್ರೆ ತೆರೆದರು. ಸೈನ್ಯದ ಪಟ್ಟಿಗೆ ಒಗ್ಗಿದ ತಲೆ ಕೊನೆಗಾಲದಲ್ಲಿ ಬಾಡಿಗೆ ಗಾಡಿಯ ಹಗ್ಗಕ್ಕೆ ಹೊಸದಾಗಿ ಒಗ್ಗಬೇಕಾಯಿತು, ಕಲಿಸುವವರೂ ಇಲ್ಲದೆ.

ಇಷ್ಟೆಲ್ಲ ಹೊರಗಿನ ಕುದುರೆಗಳ ನಡುವೆ, ಹುಟ್ಟಿದಂದಿನಿಂದಲೇ ನಮ್ಮ ಹಗ್ಗ ಕಂಡ ಕುದುರೆಗಳೂ ಇವೆ. ಟಿಪ್ಪುವಿನ ಕಾಲದಲ್ಲಿ ದಂಡಿಗಾಗಿ ಶುರುವಾದ ಕುಣಿಗಲ್ ಕುದುರೆ ಫಾರಂ ಅರಸರ, ಆಮೇಲೆ ಸರ್ಕಾರದ ಕೈಯಲ್ಲಿದ್ದು, 1992ರಲ್ಲಿ ಗುತ್ತಿಗೆಗೆ ಹೋಯಿತು. ರೇಸಿನ ಕುದುರೆಗಳು ಅಲ್ಲಿ ಹುಟ್ಟಿ ಬೆಳೆದವು. ರೇಸಿನ ತಳಿಯ ಮರಿಗೆ ಹುಟ್ಟಿದ ಕೆಲವೇ ದಿನಗಳಲ್ಲಿ ತಲೆಗೆ ಮೆತ್ತನೆಯ ಪುಟ್ಟ ಪಟ್ಟಿ ಬೀಳುತ್ತದೆ. ತಾಯಿಯ ಪಕ್ಕದಲ್ಲೇ, ಒಂದು ಕೈ ಎದೆಗೆ, ಒಂದು ಕೈ ತೊಡೆಯ ಹಿಂದೆ ಇಟ್ಟು ನಡೆಸುತ್ತಾರೆ. ಪಟ್ಟಿ ಹಿಡಿದು ಎಳೆಯುವುದಿಲ್ಲ. ಮರಿ ಬೆಳೆದಂತೆ ಪಟ್ಟಿಯನ್ನು ಸಡಿಲಿಸುತ್ತ, ಬದಲಿಸುತ್ತ ಹೋಗಬೇಕು. ಮರೆತರೆ ಎಲುಬಿಗೆ ಕೂರುತ್ತದೆ. ಸುಮಾರು ಆರು ತಿಂಗಳಿಗೆ ತಾಯಿಯಿಂದ ಬಿಡಿಸುವ ಹೊತ್ತಿಗೆ ಹಗ್ಗ ಅದಕ್ಕೆ ಭಯದ ವಸ್ತುವಾಗಿರುವುದಿಲ್ಲ. ವಿಜಯನಗರದ 300 ಮಂದಿಗೆ ಸಿಗದ ಸೌಲಭ್ಯ ಇದು.

ಮುಳ್ಳಿನ ಕಡಿವಾಣದ ಚರಿತ್ರೆ ಮಾತ್ರ ಮುಗಿದಿಲ್ಲ. ಅದು ಸೈನ್ಯದಿಂದ ಗಾಡಿಗೆ, ಗಾಡಿಯಿಂದ ಮದುವೆಯ ದಿಬ್ಬಣಕ್ಕೆ ಬಂದಿದೆ. ನಾನು ಚಿಕಿತ್ಸೆ ಮಾಡಿದ ದಿಬ್ಬಣದ ಕುದುರೆಗಳ ನಾಲಿಗೆಯಲ್ಲಿ, ತುಟಿಯ ಮೂಲೆಯಲ್ಲಿ ಅದರ ಗಾಯ ನೋಡಿದ್ದೇನೆ. ಡೋಲಿನ ಮುಂದೆ ಕುಣಿಯಿತೆಂದು ಜನ ಚಪ್ಪಾಳೆ ತಟ್ಟುವ ಕುದುರೆ ಎಷ್ಟೋ ಸಲ ನೋವಿಗೆ ಕಾಲು ಬದಲಿಸುತ್ತಿರುತ್ತದೆ. ಭಾರ ಎಳೆಯುವ, ಹೊರುವ ಪ್ರಾಣಿಗಳ ಮೇಲಿನ ಕ್ರೌರ್ಯ ತಡೆಯುವ 1965ರ ಕೇಂದ್ರ ನಿಯಮಗಳು ಮುಳ್ಳಿರುವ ಕಡಿವಾಣ, ಚೂಪಾದ ಸರಂಜಾಮುಗಳನ್ನು ನೇರವಾಗಿ ನಿಷೇಧಿಸಿವೆ. ನಿಯಮ ಬಂದು ಅರವತ್ತು ವರ್ಷವಾಯಿತು.

ನಿಮ್ಮ ಮನೆಯ ಮದುವೆಗೆ ಕುದುರೆ ಗೊತ್ತು ಮಾಡುವಾಗ ಅದರ ಬೆಳ್ಳಿಯ ಜೀನು ನೋಡುವ ಮೊದಲು ಬಾಯಿ ತೆರೆಸಿ ನೋಡಿ. ಮುಳ್ಳು ಕಂಡರೆ ಆ ಕುದುರೆ ಬೇಡವೆನ್ನಿ, ಪೊಲೀಸರಿಗೂ ಪ್ರಾಣಿದಯಾ ಸಂಘಕ್ಕೂ ತಿಳಿಸಿ. ಹೊಸ ಕುದುರೆ ಕೊಂಡವರಿಗೆ ಹೇಳುವುದು ಇನ್ನೂ ಚಿಕ್ಕದು. ಹೊಸ ಹಾಲ್ಟರ್ ತನ್ನಿ, ಆದರೆ ಅದನ್ನು ಹಾಕುವ ದಿನವನ್ನು ನೀವು ಗೊತ್ತು ಮಾಡಬೇಡಿ. ನಿಮ್ಮ ಸೈಸ್‌ಗೆ ಬಿಡಿ, ಅವರು ಕುದುರೆಯನ್ನು ಕೇಳಿ ಹೇಳುತ್ತಾರೆ.